ಡ್ರಾಯಿಂಗ್ ದೊರೆಸಾನಿ

ಮೊದಲ ದಿನ ಅವರು ಕ್ಲಾಸಿಗೆ ಬಂದಾಗ ನಾವು ಹುಡುಗಿಯರೆಲ್ಲ ಎದ್ದು ನಿಂತು "ಗುಡ್ ಮಾರ್ನಿಂಗ್ ಮಿಸ್" ಎಂದು ರಾಗ ಎಳೆದೆವು. ಬಿಳಿ ಹೆಂಗಸು, ಇಂಗ್ಲಿಷಿನಲ್ಲೇ ಏನಾದರೂ ಕೇಳುತ್ತಾರೆ, ತಿಳಿಯದಿದ್ದರೆ ಏನು ಗತಿ ಎಂದು ಎಲ್ಲರಿಗೂ ಅಳುಕು. ಅವರು ಕೈಚೀಲದಿಂದ ಒಂದು ಬದನೆಕಾಯಿ ತೆಗೆದು ಮೇಜಿನ ಮೇಲಿಟ್ಟು, "ಕೂತ್ಕಳ್ರಮ್ಮಿ. ಇದ್ನ ಚೆಂದಾಗಿ ನೋಡ್ರಿ. ಬರೆಯೋದು ಆಮ್ಯಾಕೆ" ಎಂದರು. ಯಾರೋ ಕಿಸಕ್ಕೆಂದರು. ಹಿಂದೆಯೇ ಇಡೀ ಕ್ಲಾಸು ನಕ್ಕಿತು. ಅವರು ನಗಲಿಲ್ಲ, ಸಿಟ್ಟಾಗಲೂ ಇಲ್ಲ. ನಾವು ನಕ್ಕು ಮುಗಿಸುವ ತನಕ ಬದನೆಕಾಯಿಯನ್ನೇ ನೋಡುತ್ತ ನಿಂತಿದ್ದರು.

ಅವರ ಕನ್ನಡ ಸಾಲಗಾಮೆ ಕಡೆಯ ಹಳ್ಳಿ ಮಾತು. ಯೂರೋಪಿನಿಂದ ಬಂದ ಮೇಲೆ ಮೊದಲ ಒಂದು ವರ್ಷ ಅವರು ಸಕಲೇಶಪುರದ ಕಡೆಯ ಒಂದು ಕಾಫಿ ಎಸ್ಟೇಟಿನಲ್ಲಿ ಇಂಗ್ಲಿಷ್ ದೊರೆಯ ಹೆಣ್ಣುಮಕ್ಕಳಿಗೆ ಚಿತ್ರ ಹೇಳಿಕೊಡುತ್ತಿದ್ದರಂತೆ. ಆ ಬಂಗಲೆಯ ಅಡುಗೆಮನೆಯಲ್ಲಿ ಕೆಲಸಕ್ಕಿದ್ದವಳು ಜವರಮ್ಮ. ಸಾಲಗಾಮೆ ಹತ್ತಿರದ ಒಕ್ಕಲು ಮನೆಯವಳು, ಚಿಕ್ಕ ವಯಸ್ಸಿಗೇ ಗಂಡ ಸತ್ತು ದುಡಿಮೆಗೆ ಬಂದವಳು. ಅವಳ ಬಾಯಿಂದ ಕೇಳಿದ ಮಾತನ್ನೇ ಇವರು ಕನ್ನಡ ಎಂದು ಕಲಿತರು. ಯುದ್ಧ ಶುರುವಾಗುವ ಹೊತ್ತಿಗೆ ದೊರೆಯ ಸಂಸಾರ ಹಡಗು ಹತ್ತಿ ಊರಿಗೆ ಹೋಯಿತು. ಇವರಿಗೆ ಹೋಗುವುದಕ್ಕೆ ಊರಿರಲಿಲ್ಲ. ಹಾಸನದ ನಮ್ಮ ಶಾಲೆಯ ಹೆಡ್‌ಮಿಸ್ಟ್ರೆಸ್ಸು ಆಗ ಡ್ರಾಯಿಂಗಿಗೆ ಒಬ್ಬರನ್ನು ಹುಡುಕುತ್ತಿದ್ದರು, ಕರೆಸಿಕೊಂಡರು. ಜವರಮ್ಮನೂ ಜೊತೆಗೆ ಬಂದಳು. ಶಾಲೆಯ ಹಿಂದೆ ಎರಡು ಕೋಣೆಯ ಒಂದು ಮನೆ ಇತ್ತು, ಇಬ್ಬರೂ ಅಲ್ಲಿದ್ದರು.

ಅವರ ಬಾಯಲ್ಲಿ ಹಳದಿ ಅಳದಿಯಾಗಿತ್ತು, ಹಸಿರು ಅಸಿರಾಗಿತ್ತು. ಒಮ್ಮೆ ಪರಿಶೀಲನೆಗೆ ಬಂದಿದ್ದ ಇನ್ಸ್‌ಪೆಕ್ಟರು ಅದನ್ನು ತಿದ್ದಲು ಹೋದರು. ಇವರು ಕೇಳಿಸಿಕೊಂಡು, ತಲೆಯಾಡಿಸಿ, "ಅಂಗೇ ಆಗ್ಲಿ ಸಾ" ಎಂದು ಮತ್ತೆ ಕರಿಹಲಗೆಯ ಕಡೆ ತಿರುಗಿ "ಈ ಅಸ್ರು ನೋಡ್ರಿ" ಎಂದರು. ಬೇಕೆಂದು ಹಾಗೆ ಮಾಡಿದ್ದಲ್ಲ. ಅವರಿಗೆ ಆ ಬಣ್ಣದ ಹೆಸರು ಅದೇ ಆಗಿತ್ತು.

ಊರಿನವರು ಅವರನ್ನು ಡ್ರಾಯಿಂಗ್ ದೊರೆಸಾನಿ ಎನ್ನುತ್ತಿದ್ದರು. ದೊರೆಸಾನಿಯ ಲಕ್ಷಣ ಒಂದೂ ಇರಲಿಲ್ಲ. ಎತ್ತರದ ಆಳು, ಭುಜ ಮುಂದಕ್ಕೆ ಬಾಗಿತ್ತು. ಕೂದಲನ್ನು ಗಂಡಸರ ಹಾಗೆ ಕತ್ತರಿಸಿಕೊಳ್ಳುತ್ತಿದ್ದರು. ಎರಡು ಫ್ರಾಕು, ಒಂದು ಕಂದು ಕೋಟು, ಹಾಸನದ ಪೇಟೆಯಲ್ಲಿ ಹೊಲಿಸಿದ ಚಪ್ಪಲಿ. ಕುಂಚವನ್ನು ಬಟ್ಟೆಗೆ ಒರೆಸುವುದು ಬಿಟ್ಟು ಎಡಗೈಯ ಮುಂಗೈಗೆ ಒರೆಸುವ ಅಭ್ಯಾಸ ಅವರಿಗೆ. ಅವರ ಕೈ ನೋಡಿ, ಬೆಳಗ್ಗೆ ಮನೆಯಲ್ಲಿ ಏನು ಬಣ್ಣ ಹಚ್ಚುತ್ತಿದ್ದರು ಎಂದು ನಾವು ಊಹೆ ಮಾಡುತ್ತಿದ್ದೆವು.

ಅವರ ಊರು ಒಂದು ದೊಡ್ಡ ನದಿಯ ದಡದಲ್ಲಿತ್ತಂತೆ. ಅಲ್ಲಿ ಅವರು ಚಿತ್ರಶಾಲೆಯಲ್ಲಿ ಕಲಿತು ಅಲ್ಲೇ ಕಲಿಸುತ್ತಿದ್ದರು. ಜರ್ಮನಿಯವರು ಆ ದೇಶವನ್ನು ಹಿಡಿದ ಮೇಲೆ ಯೆಹೂದಿಗಳಿಗೆ ಕೆಲಸವಿಲ್ಲ ಎಂದಾಯಿತು, ಇವರು ಯೆಹೂದಿ. ಹಾಸನದಲ್ಲಿ ಯಾರಿಗೂ ಆ ಮಾತು ಗೊತ್ತಿರಲಿಲ್ಲ. ಜವರಮ್ಮ ತನಗೆ ತಿಳಿದ ಹಾಗೆ ಹೇಳುತ್ತಿದ್ದಳು: ಅದು ಒಂದು ಕುಲ, ಅವರ ದೇವರಿಗೆ ಮೂರ್ತಿ ಇಲ್ಲ, ಅವರನ್ನು ಕಂಡರೆ ಅಲ್ಲಿಯವರಿಗೆ ಆಗುವುದಿಲ್ಲ, ಯಾಕೆ ಅಂತ ಅಮ್ಮೋರಿಗೂ ಗೊತ್ತಿಲ್ಲ. ತಾಯಿ ಮತ್ತು ಅಣ್ಣ ಅಲ್ಲೇ ಉಳಿದಿದ್ದರು. ಮೊದಲು ಇಂಡಿಯಾಕ್ಕೆ ಇವರು ಬಂದು, ದಾರಿ ಮಾಡಿ, ಆಮೇಲೆ ಅವರನ್ನು ಕರೆಸಿಕೊಳ್ಳುವುದು ಎಂದಿತ್ತು. ಅಷ್ಟರಲ್ಲಿ ಯುದ್ಧ ಬಂತು.

ಅವರಿಗಿಂತ ಮೊದಲು ಡ್ರಾಯಿಂಗು ಎಂದರೆ ಪುಸ್ತಕದಲ್ಲಿದ್ದ ಕಮಲವನ್ನೋ ಹೂದಾನಿಯನ್ನೋ ನೋಡಿ ಇಳಿಸುವುದಾಗಿತ್ತು. ಇವರು ಆ ಪುಸ್ತಕಗಳನ್ನು ಬೀರುವಿಗೆ ಹಾಕಿ ಬೀಗ ಜಡಿದರು. ಮನೆಯಿಂದ ಏನಾದರೂ ತರಬೇಕು, ತಂದದ್ದನ್ನು ನೋಡಿ ಬರೆಯಬೇಕು. ನಾವು ಮೊರ, ತಂಬಿಗೆ, ಈರುಳ್ಳಿ, ಅಜ್ಜಿಯ ಎಲೆಅಡಿಕೆ ಚೀಲ ತಂದೆವು. ಒಬ್ಬಳು ಕೋಳಿಮರಿ ತಂದು ಅದು ಕ್ಲಾಸೆಲ್ಲ ಓಡಾಡಿ, ಹೆಡ್‌ಮಿಸ್ಟ್ರೆಸ್ಸು ಬಂದು, ದೊಡ್ಡ ಗಲಾಟೆಯಾಯಿತು. ಇವರು ಆ ಗಲಾಟೆಯಲ್ಲೇ ಕೋಳಿಮರಿಯನ್ನು ನಾಲ್ಕು ಗೆರೆಯಲ್ಲಿ ಬರೆದುಬಿಟ್ಟಿದ್ದರು. ತಪ್ಪಾದರೆ ಅಳಿಸಬಾರದು ಎನ್ನುವುದು ಅವರ ನಿಯಮ. ತಪ್ಪು ಗೆರೆ ಹಾಗೇ ಇರಲಿ, ಪಕ್ಕದಲ್ಲಿ ಸರಿ ಗೆರೆ ಹಾಕಿ ಎನ್ನುತ್ತಿದ್ದರು. ನನ್ನ ಹಾಳೆಗಳಲ್ಲಿ ಒಂದೊಂದು ತಂಬಿಗೆಗೂ ಆರೇಳು ಹೊಟ್ಟೆ ಇರುತ್ತಿದ್ದವು. ನನಗೆ ಚಿತ್ರ ಒಲಿಯಲಿಲ್ಲ. ಅದನ್ನು ಅವರು ಎರಡನೇ ತಿಂಗಳೇ ಹೇಳಿದರು, ಹೊರಗೆ ಬಿಸಿಲಿದೆ ಎಂದು ಹೇಳಿದ ಹಾಗೆ. ಆಮೇಲೆ, ಬಂದು ಕೂತ್ಕೊ, ಬಣ್ಣ ಅರೆದುಕೊಡುವಿಯಂತೆ ಎಂದರು. ಶಾಲೆ ಬಿಟ್ಟ ಮೇಲೆ ನಾನು ಅವರ ಮನೆಗೆ ಹೋಗುವುದು ಹಾಗೆ ಶುರುವಾಯಿತು.

ಆ ಮನೆಯಲ್ಲಿ ಮುದ್ದೆ ತಿನ್ನುವುದನ್ನು ಅವರಿಗೆ ಕಲಿಸಲು ಜವರಮ್ಮ ಪಟ್ಟ ಪಾಡನ್ನು ನಾನು ನೋಡಿದ್ದೇನೆ. ಅವರು ಅಗಿಯುತ್ತಿದ್ದರು. ಜವರಮ್ಮ ಎದುರಿಗೆ ಕೂತು, "ನುಂಗಿ ಅಮ್ಮಾರೆ, ಅಲ್ಲು ಸೋಕ್ಬಾರ್ದು" ಎನ್ನುತ್ತಿದ್ದಳು. ಅವರು ಕಣ್ಣು ಮುಚ್ಚಿ ನುಂಗುತ್ತಿದ್ದರು, ಔಷಧಿ ಕುಡಿದ ಹಾಗೆ. ವರ್ಷ ಕಳೆಯುವಷ್ಟರಲ್ಲಿ ಮುದ್ದೆ ಇಲ್ಲದಿದ್ದರೆ ಊಟವೇ ಆಗದು ಎನ್ನುವಂತಾದರು.

ನಾನು ಹಾಸನದವಳಲ್ಲ. ನಮ್ಮಪ್ಪ ಹೊಳೆನರಸೀಪುರದಲ್ಲಿ ತಾಲ್ಲೂಕು ಕಚೇರಿಯ ಗುಮಾಸ್ತರು. ನಾನು ಚಿಕ್ಕವ್ವನ ಮನೆಯಲ್ಲಿದ್ದುಕೊಂಡು ಓದುತ್ತಿದ್ದೆ. ಅವರು ಬಂದ ಎರಡನೇ ವರ್ಷ ಸಂಕ್ರಾಂತಿಗೆ ಊರಿಗೆ ಹೊರಟಾಗ ಮಿಸ್ಸನ್ನೂ ಕರೆದುಕೊಂಡು ಹೋಗಬೇಕೆಂದು ನನಗೆ ಹಟ ಬಂತು. ಅದು ಸುಲಭದ ಮಾತಾಗಿರಲಿಲ್ಲ. ಜರ್ಮನಿಯವರು ಓಡಿಸಿದ್ದ ಇವರನ್ನು ಇಲ್ಲಿ ಜರ್ಮನಿಯವರೆಂದೇ ಬರೆದುಕೊಂಡಿದ್ದರು. ಶತ್ರು ದೇಶದವರು. ವಾರಕ್ಕೊಮ್ಮೆ ಪೊಲೀಸ್ ಸ್ಟೇಷನ್ನಿಗೆ ಹೋಗಿ ಸಹಿ ಹಾಕಬೇಕು, ಊರು ಬಿಡಬೇಕಾದರೆ ಅಪ್ಪಣೆ ಬೇಕು. ನಾನು ಅಪ್ಪನಿಗೆ ಕಾಗದ ಹಾಕಿದೆ. ನಮ್ಮ ಮನೆಯಲ್ಲಿ ನಾಲ್ಕು ದಿನ ಇರುತ್ತಾರೆ, ಅವರ ಹೊಣೆ ನನ್ನದು ಎಂದು ಅಪ್ಪ ಒಂದು ಅರ್ಜಿ ಬರೆದು ಕಳಿಸಿದರು. ಅಪ್ಪನ ಅಕ್ಷರಕ್ಕೆ ತಾಲ್ಲೂಕಿನಲ್ಲೆಲ್ಲ ಹೆಸರಿತ್ತು. ಮಿಸ್ಸಿಗೆ ಕನ್ನಡ ಓದಲು ಬರುತ್ತಿರಲಿಲ್ಲ. ಆದರೂ ಆ ಅರ್ಜಿಯನ್ನು ಬೆಳಕಿಗೆ ಹಿಡಿದು ತುಂಬ ಹೊತ್ತು ನೋಡಿ, ಇದು ಬರವಣಿಗೆ ಅಲ್ಲ, ಚಿತ್ರ ಎಂದರು. ಕೊಂಬನ್ನು ಕೆಳಕ್ಕೆ ಎಳೆದು ಸುತ್ತಿದ ರೀತಿಯನ್ನು ಬೆರಳಿನಲ್ಲಿ ಗಾಳಿಯಲ್ಲಿ ಬರೆದು ತೋರಿಸಿದರು.

ಹೊಳೆನರಸೀಪುರದಲ್ಲಿ ಅವರಿದ್ದ ನಾಲ್ಕು ದಿನವೂ ನನಗೆ ನೆನಪಿದೆ. ಬೆಳಗ್ಗೆ ಹೇಮಾವತಿಗೆ ಹೋಗುತ್ತಿದ್ದೆವು. ಅವರು ಮರಳಿನ ಮೇಲೆ ಕೂತು, ಬಟ್ಟೆ ಒಗೆಯುವವರನ್ನು, ಒಣಹಾಕಿದ ಸೀರೆಗಳನ್ನು, ನೀರಿಗಿಳಿದ ಎಮ್ಮೆಗಳನ್ನು ಬರೆಯುತ್ತಿದ್ದರು. ಮಧ್ಯಾಹ್ನ ಮನೆ. ಅವರೆಕಾಯಿ ಕಾಲ ಅದು. ಅವ್ವ ನಡುಮನೆಯಲ್ಲಿ ನೆನೆಸಿದ ಅವರೆಕಾಳಿನ ಬೋಗುಣಿ ಮುಂದಿಟ್ಟುಕೊಂಡು ಹಿದುಕುತ್ತ ಕೂರುತ್ತಿದ್ದಳು. ಮಿಸ್ಸು ಅವಳೆದುರು ಗೋಡೆಗೊರಗಿ ಕೂತು ಬರೆದರು. ಅವ್ವ ನಾಚಿ ಸೆರಗನ್ನು ಮುಖದ ಮೇಲೆ ಎಳೆದುಕೊಂಡಳು, ಆಮೇಲೆ ಕೈ ತುಂಬ ಅವರೆ ಸಿಪ್ಪೆಯಾಗಿದ್ದರಿಂದ ಸೆರಗು ಜಾರಿದರೂ ಸುಮ್ಮನಾದಳು. ಒಂದು ಮಧ್ಯಾಹ್ನವೆಲ್ಲ ಇಬ್ಬರೂ ಹಾಗೇ ಕೂತಿದ್ದರು. ಮುಗಿದ ಮೇಲೆ ತೋರಿಸಿದಾಗ ಅವ್ವ ನೋಡಿ, ನಾನು ಇಷ್ಟು ದಣಿದಿದೀನಾ ಎಂದು ಕೇಳಿದಳು. ಮಿಸ್ಸು ಹೌದು ಎಂದರು. ಅವ್ವನ ಫೋಟೋ ಒಂದೂ ಇರಲಿಲ್ಲ. ಮದುವೆಯಲ್ಲೂ ತೆಗೆಸಿರಲಿಲ್ಲ.

ಅವರು ಹಾಸನಕ್ಕೆ ಮರಳಿ ಮೂರು ವಾರಕ್ಕೆ ಪೊಲೀಸಿನವರು ಮನೆಗೆ ಬಂದರು. ನಾನು ಅಲ್ಲೇ ಇದ್ದೆ, ಕಲ್ಲಿನ ಮೇಲೆ ನೀಲಿ ಅರೆಯುತ್ತಿದ್ದೆ. ಚಿತ್ರದ ಪುಸ್ತಕಗಳು ಬೇಕು ಎಂದರು. ಹೊಳೆನರಸೀಪುರದಲ್ಲಿ ಈಕೆ ರೈಲು ಸೇತುವೆಯ ನಕ್ಷೆ ತೆಗೆದಿದ್ದಾರೆ ಎಂದು ವರದಿ ಬಂದಿತ್ತು. ಸೇತುವೆಯ ಎರಡು ಕಂಬ ಒಂದು ಚಿತ್ರದಲ್ಲಿತ್ತು, ನಿಜ. ಒಣಹಾಕಿದ ಸೀರೆಗಳ ಹಿಂದೆ ಇತ್ತು. ಸಬ್ ಇನ್ಸ್‌ಪೆಕ್ಟರು ಕೆಟ್ಟ ಮನುಷ್ಯ ಅಲ್ಲ. ಕಾಗದವನ್ನು ಅವರ ಮುಂದೆ ಹಿಡಿದು, ಕೆಳಗೆ ಸಹಿ ಇದ್ದ ಭಾಗವನ್ನು ಮಡಚಿ, ನೋಡಿ ತಾಯಿ, ಹೀಗೆ ಬರೆದಿದ್ದಾರೆ, ನಾನೇನು ಮಾಡಲಿ ಎಂದರು. ಅವರು ಕಾಗದವನ್ನು ನೋಡಿದರು. ಆಮೇಲೆ ನನ್ನನ್ನು ನೋಡಿದರು. ಪೆಟ್ಟಿಗೆ ತೆರೆದು ಮೂರು ಪುಸ್ತಕಗಳನ್ನು ತಾವೇ ತೆಗೆದುಕೊಟ್ಟರು. ಅವ್ವ ಇದ್ದದ್ದು ಮೂರನೆಯದರಲ್ಲಿ.

ಪುಸ್ತಕಗಳು ಬೆಂಗಳೂರಿಗೆ ಹೋದವು. ಅಪ್ಪಣೆ ಬಂತು: ಹಾಸನದ ಎಲ್ಲೆ ದಾಟಕೂಡದು, ಬಯಲಲ್ಲಿ ಕೂತು ಚಿತ್ರ ಬರೆಯಕೂಡದು. ಕಿಟಕಿಯಿಂದ ಕಾಣುವುದನ್ನು ಬರೆಯಬಹುದೇ ಎಂದು ಅವರು ಕೇಳಿದರಂತೆ. ಸಬ್ ಇನ್ಸ್‌ಪೆಕ್ಟರಿಗೆ ಉತ್ತರ ತಿಳಿಯದೆ, ಕಿಟಕಿಗೆ ಬೆನ್ನು ಮಾಡಿ ಕೂತುಬಿಡಿ ತಾಯಿ, ನನಗೂ ತೊಂದರೆ ಇಲ್ಲ ಎಂದರಂತೆ. ಅಂದಿನಿಂದ ಅವರು ಕಿಟಕಿಗೆ ಬೆನ್ನು ಮಾಡಿಯೇ ಕೂರುತ್ತಿದ್ದರು. ನನ್ನ ಜೊತೆ ಮಾತ್ರ ಏನೂ ಬದಲಾಗಲಿಲ್ಲ. ಬಣ್ಣ ಅರೆಯಲು ಹೋಗುತ್ತಿದ್ದೆ, ಹೋದಾಗ ಜವರಮ್ಮ ಒಂದು ತುಂಡು ಬೆಲ್ಲ ಕೊಡುತ್ತಿದ್ದಳು. ಹೀಗೆ ಒಂದು ವರ್ಷ ನಡೆಯಿತು.

ಆ ಮೇಲಿನ ಬೇಸಿಗೆಯಲ್ಲಿ ಅವ್ವ ಟೈಫಾಯಿಡ್ಡಿನಲ್ಲಿ ಹೋದಳು. ಇಪ್ಪತ್ತೊಂದು ದಿನ ಮಲಗಿದ್ದಳು, ಪರೀಕ್ಷೆ ಕಾಲವೆಂದು ನನಗೆ ತಿಳಿಸಿರಲಿಲ್ಲ. ನಾನು ಊರಿಗೆ ಹೋಗುವಷ್ಟರಲ್ಲಿ ಎಲ್ಲ ಮುಗಿದಿತ್ತು. ನನ್ನ ಕೊನೆಯ ತಂಗಿಗೆ ಆಗ ಎರಡು ವರ್ಷ. ಅಪ್ಪ ತಿಥಿ ಮುಗಿಸಿ ಕಚೇರಿಗೆ ಹೋದರು, ಸಂಜೆ ಬಂದರು, ಮತ್ತೆ ಹೋದರು. ಹೀಗೆ ಎರಡು ತಿಂಗಳಾದ ಮೇಲೆ ಒಂದು ದಿನ ಹಾಸನಕ್ಕೆ ಬಂದರು. ಮೊದಲು ಸ್ಟೇಷನ್ನಿಗೆ ಹೋಗಿ ಆ ಪುಸ್ತಕಗಳು ವಾಪಸು ಬಂದಿವೆಯೇ ಎಂದು ಕೇಳಿದರಂತೆ. ಬಂದಿರಲಿಲ್ಲ, ಬರುವುದೂ ಇಲ್ಲ ಎಂದರಂತೆ. ಅಲ್ಲಿಂದ ಚಿಕ್ಕವ್ವನ ಮನೆಗೆ ಬಂದು ನನ್ನನ್ನು ಕರೆದುಕೊಂಡು ಮಿಸ್ಸಿನ ಮನೆಗೆ ನಡೆದರು.

ಜವರಮ್ಮ ಚಾಪೆ ಹಾಕಿದಳು. ಅಪ್ಪ ಕೂರಲಿಲ್ಲ. ಟೋಪಿಯನ್ನು ಕೈಯಲ್ಲಿ ಹಿಡಿದು ಬಾಗಿಲ ಹತ್ತಿರ ನಿಂತರು. ಮಕ್ಕಳಿಗೆ ತಾಯಿಯ ಮುಖ ನೋಡಬೇಕೆಂದರೆ ಒಂದು ಪಟವೂ ಇಲ್ಲ, ತಾವು ಒಂದು ಸಲ ಬರೆದಿದ್ದಿರಿ, ಇನ್ನೊಂದು ಸಲ ನೆನಪಿನಿಂದ ಬರೆದುಕೊಡಬಹುದೇ ಎಂದು ಕೇಳಿದರು. ಕೇಳಿ ಮುಗಿಸಿ, "ಆ ವರದಿ ವಿಷಯ..." ಎಂದು ಶುರು ಮಾಡಿದರು.

"ಗೊತ್ತು" ಎಂದರು ಅವರು. "ನಿಮ್ಮ ಅಕ್ಷರ ನಂಗೆ ಗೊತ್ತು."

ಅಪ್ಪ ಟೋಪಿಯನ್ನು ಒಂದು ಕೈಯಿಂದ ಇನ್ನೊಂದು ಕೈಗೆ ದಾಟಿಸಿದರು. ನನಗೆ ಆಗ ಗೊತ್ತಾಯಿತು. ಕಚೇರಿಯಲ್ಲಿ ಮೇಲಿನವರು ಯಾರೋ, ಶತ್ರು ದೇಶದ ಹೆಂಗಸನ್ನು ನೀನು ಮನೆಯಲ್ಲಿ ಇಟ್ಟುಕೊಂಡಿದ್ದೆ, ನಾಳೆ ಏನಾದರೂ ಆದರೆ ನಿನ್ನ ಕುತ್ತಿಗೆಗೆ ಬರುತ್ತದೆ ಎಂದಿದ್ದರಂತೆ. ನಾಲ್ಕು ಮಕ್ಕಳ ಮುಖ ಎದುರಿಗೆ ಬಂತು, ಕೂತು ಬರೆದುಕೊಟ್ಟೆ ಎಂದು ಅಪ್ಪ ಆಮೇಲೆ ಎಷ್ಟೋ ದಿನಕ್ಕೆ ನನಗೆ ಹೇಳಿದರು. ಆ ಹೊತ್ತಿನಲ್ಲಿ ನನಗೆ ಏನೂ ಅನ್ನಿಸಲಿಲ್ಲ. ಜವರಮ್ಮನ ಒಲೆಯ ಮೇಲೆ ಸಾರು ಕುದಿಯುತ್ತಿತ್ತು, ಅದು ಉಕ್ಕಬಹುದು ಎಂದು ಮಾತ್ರ ಅನ್ನಿಸಿತು.

ಅವರು ನನ್ನನ್ನು ಗೋಡೆಗೊರಗಿಸಿ ಕೂರಿಸಿದರು. ಮುಖ ಅಷ್ಟು ಚೆನ್ನಾಗಿ ನೆನಪಿಲ್ಲ, ಆದರೆ ಮಗಳ ಮುಖದಲ್ಲಿ ತಾಯಿ ಎಲ್ಲಾದರೂ ಇರುತ್ತಾಳೆ, ಹುಡುಕಿ ನೋಡುತ್ತೇನೆ ಎಂದರು. ಮೂರು ದಿನ ಸಂಜೆ ನಾನು ಹಾಗೆ ಕೂತೆ. ಹಣೆ ಅಗಲ ಮಾಡಿದರು. ಕಣ್ಣಿನ ಕೆಳಗೆ ನೆರಳು ಹಾಕಿದರು. ನನಗಾಗ ಹದಿನಾಲ್ಕು, ಅದರ ಮೇಲೆ ಇಪ್ಪತ್ತು ವರ್ಷ ಏರಿಸಿದರು. ಆಗಾಗ ಅಪ್ಪನನ್ನು ಕೇಳುತ್ತಿದ್ದರು: ಕಿವಿ ದೊಡ್ಡದಿತ್ತಾ, ತುಟಿ ಮುಚ್ಚಿದಾಗ ಹೇಗಿರುತ್ತಿತ್ತು. ಅಪ್ಪ ಹದಿನಾರು ವರ್ಷ ಸಂಸಾರ ಮಾಡಿದ್ದರು. ಅವರಿಗೆ ಒಂದಕ್ಕೂ ಸರಿಯಾಗಿ ಉತ್ತರ ಕೊಡಲಾಗಲಿಲ್ಲ.

ಮೂರನೇ ಸಂಜೆ ಅವರು ಹಾಳೆಯನ್ನು ಅಪ್ಪನ ಕೈಗೆ ಕೊಟ್ಟು ಹೇಳಿದರು: "ಇದು ಆವಮ್ಮ ಅಲ್ಲ. ಈಗ್ಲೇ ಯೋಳ್ಬುಡ್ತೀನಿ. ಆಮ್ಯಾಕೆ ನನ್ನ ಕೇಳ್ಬ್ಯಾಡಿ."

ಅವ್ವನಲ್ಲ ಎಂದು ನನಗೂ ಗೊತ್ತಿತ್ತು, ಅಪ್ಪನಿಗೂ ಗೊತ್ತಿತ್ತು. ಅದು ನಾನೂ ಅಲ್ಲ. ಎಲ್ಲಿಯೋ ಇದ್ದಿರಬಹುದಾದ ಯಾರೋ ಒಬ್ಬ ಹೆಂಗಸು. ಅಪ್ಪ ಅದಕ್ಕೆ ಕಟ್ಟು ಹಾಕಿಸಿ ನಡುಮನೆಯಲ್ಲಿ ತೂಗುಹಾಕಿದರು. ಬಂದ ನೆಂಟರು ನೋಡಿ, ಥೇಟ್ ಹಾಗೇ ಇದ್ದಾಳೆ ಎಂದು ಕಣ್ಣೊರೆಸಿಕೊಂಡರು. ತಂಗಿ ಅದನ್ನೇ ಅವ್ವ ಎಂದುಕೊಂಡು ಬೆಳೆದಳು. ಈಗ ನಾನು ಕಣ್ಣು ಮುಚ್ಚಿ ಅವ್ವನನ್ನು ನೆನೆದರೆ ನನಗೆ ಬರುವುದೂ ಆ ಪಟದ ಮುಖವೇ. ನಿಜವಾದ ಮುಖ ಎಲ್ಲಿ ಹೋಯಿತೋ.

ಅಪ್ಪನ ಮೇಲೆ ನಾನು ಸಿಟ್ಟು ಮಾಡಲಿಲ್ಲ. ಮಾಡಬೇಕಿತ್ತು ಎಂದು ಈಗ ಅನ್ನಿಸುತ್ತದೆ. ರಜೆಗೆ ಹೋದಾಗ ಅವರ ಬಟ್ಟೆ ಒಗೆದು ಹಾಕುತ್ತಿದ್ದೆ, ಮುದ್ದೆ ಕಟ್ಟಿ ಬಡಿಸುತ್ತಿದ್ದೆ. ಅವರೂ ತಲೆ ತಗ್ಗಿಸಿ ಉಣ್ಣುತ್ತಿದ್ದರು.

ಯುದ್ಧ ಮುಗಿದ ಮೇಲೆ ಸಹಿ ಹಾಕುವುದು ನಿಂತಿತು. ಅಷ್ಟರಲ್ಲಿ ನಾನು ಓದು ಮುಗಿಸಿ ಅದೇ ಶಾಲೆಯಲ್ಲಿ ಚಿಕ್ಕ ಮಕ್ಕಳಿಗೆ ಮೇಡಂ ಆಗಿದ್ದೆ. ಅವರು ತಾಯಿ ಮತ್ತು ಅಣ್ಣನ ವಿಷಯ ತಿಳಿಯಲು ಸಿಕ್ಕಿದ ವಿಳಾಸಕ್ಕೆಲ್ಲ ಕಾಗದ ಹಾಕುತ್ತಿದ್ದರು. ಒಂದು ವರ್ಷ ಏನೂ ಬರಲಿಲ್ಲ. ಕೊನೆಗೆ ಒಂದು ದಿನ ಮೂರನೇ ಪೀರಿಯಡ್ಡಿನಲ್ಲಿ ಜವಾನ ಹೊರದೇಶದ ಸ್ಟಾಂಪು ಹಚ್ಚಿದ ಲಕೋಟೆ ತಂದುಕೊಟ್ಟ. ನನ್ನ ಕ್ಲಾಸು ಪಕ್ಕದ್ದೇ, ನಡುವೆ ಅರ್ಧ ಗೋಡೆ. ಅವರು ನಿಂತಲ್ಲೇ ಲಕೋಟೆ ಒಡೆದು ಓದಿದರು. ಎರಡು ಸಲ ಓದಿದರು. ಮಡಚಿ ಕೋಟಿನ ಜೇಬಿಗೆ ಹಾಕಿಕೊಂಡು ಮಕ್ಕಳ ಕಡೆ ತಿರುಗಿ, ಬಿಟ್ಟ ಮಾತನ್ನು ಅಲ್ಲಿಂದಲೇ ಎತ್ತಿಕೊಂಡರು. ತಂಬಿಗೆಯ ಬಾಯಿ ದುಂಡಗಿದೆ ಎಂದು ನಿಮಗೆ ಗೊತ್ತು, ಆದರೆ ಇಲ್ಲಿಂದ ನೋಡಿದರೆ ಅದು ದುಂಡಗೆ ಕಾಣುವುದಿಲ್ಲ, ಮೊಟ್ಟೆಯ ಹಾಗೆ ಕಾಣುತ್ತದೆ. ಕಂಡದ್ದನ್ನು ಬರೆಯಿರಿ, ಗೊತ್ತಿರುವುದನ್ನು ಬರೆಯಬೇಡಿ. ಗಂಟೆ ಹೊಡೆಯುವ ತನಕ ಪಾಠ ಮಾಡಿದರು. ಮುಂದಿನ ಪೀರಿಯಡ್ಡೂ ಮಾಡಿದರು.

ಸಂಜೆ ನಾನು ಅವರ ಮನೆಗೆ ಹೋದೆ. ಜವರಮ್ಮ ಅಳುತ್ತಿದ್ದಳು. ಅವರು ಅಳುತ್ತಿರಲಿಲ್ಲ. ತಾಯಿಯನ್ನೂ ಅಣ್ಣನನ್ನೂ ಒಂದೇ ದಿನ ರೈಲಿಗೆ ಹತ್ತಿಸಿ ಪೂರ್ವಕ್ಕೆ ಕಳಿಸಿದರಂತೆ. ಆ ರೈಲಿನಲ್ಲಿ ಹೋದವರು ಯಾರೂ ಮರಳಲಿಲ್ಲ. ಅದಾಗಿ ನಾಲ್ಕು ವರ್ಷದ ಮೇಲಾಗಿತ್ತು. ನಾನು ಲೆಕ್ಕ ಹಾಕಿದೆ. ನನ್ನನ್ನು ಗೋಡೆಗೊರಗಿಸಿ ಅವ್ವನ ಮುಖ ಹುಡುಕುತ್ತಿದ್ದ ದಿನಗಳು ಅವು.

ಏನಾದರೂ ಹೇಳಬೇಕಲ್ಲ ಎಂದು ನಾನು ದಡ್ಡಿಯ ಹಾಗೆ ಒಂದು ಮಾತು ಹೇಳಿದೆ. ನಮ್ಮವ್ವನನ್ನು ನನ್ನ ಮುಖ ನೋಡಿ ಬರೆದ ಹಾಗೆ ನೀವೂ ಕನ್ನಡಿ ಇಟ್ಟುಕೊಂಡು ಅಮ್ಮನನ್ನು ಬರೆಯಬಹುದಲ್ಲ ಎಂದೆ.

ಅವರು ಹೇಳಿದರು: "ನಾನು ನಮ್ಮಪ್ಪನ ತರ ಕಣಮ್ಮಿ."

ಆಮೇಲೆ ಅವರು ತಮಗಾಗಿ ಏನನ್ನೂ ಬರೆಯಲಿಲ್ಲ. ಪಾಠಕ್ಕೆ ಬೇಕಾದಷ್ಟು ಕರಿಹಲಗೆಯ ಮೇಲೆ ಬರೆಯುತ್ತಿದ್ದರು, ಅಳಿಸುತ್ತಿದ್ದರು. ಎಡಗೈಯ ಮುಂಗೈ ಯಾವಾಗಲೂ ಶುಭ್ರವಾಗಿರುತ್ತಿತ್ತು. ಯಾಕೆ ಬರೆಯುವುದಿಲ್ಲ ಎಂದು ಒಮ್ಮೆ ಕೇಳಿದೆ. ಕೈ ಇದೆ, ಕಣ್ಣೂ ಇದೆ, ಎರಡರ ಮಧ್ಯೆ ಇದ್ದದ್ದು ಇಲ್ಲ ಎಂದರು. ದುಃಖದ ದನಿಯಲ್ಲಿ ಹೇಳಲಿಲ್ಲ. ಮನೆಯಲ್ಲಿ ಸಕ್ಕರೆ ಮುಗಿದಿದೆ ಎನ್ನುವ ಹಾಗೆ ಹೇಳಿದರು. ಜವರಮ್ಮನಿಗೆ ಇದೇ ಭಯ. ಅಮ್ಮೋರು ಒಂದು ಸಲ ಬಾಯಿ ಬಿಟ್ಟು ಅತ್ತಿದ್ದರೆ ನನಗೆ ನೆಮ್ಮದಿಯಾಗುತ್ತಿತ್ತು ಎಂದು ನನ್ನ ಹತ್ತಿರ ಹೇಳಿಕೊಳ್ಳುತ್ತಿದ್ದಳು. ಅವರನ್ನು ಅಳಿಸಲಿಕ್ಕೆಂದು ಬೇಕಂತಲೇ ಈರುಳ್ಳಿ ಹೆಚ್ಚಲು ಕೂರಿಸಿದ್ದಳಂತೆ. ಕಣ್ಣಲ್ಲಿ ನೀರು ಸುರಿಯಿತು, ಒರೆಸಿಕೊಂಡು ಎದ್ದು ಹೋದರು, ಅಷ್ಟೆ.

ಸ್ವಾತಂತ್ರ್ಯ ಬಂದ ಮೇಲೆ ಶಾಲೆಗೆ ಡ್ರಾಯಿಂಗ್ ಪರೀಕ್ಷೆ ಪಾಸು ಮಾಡಿದ ಹೊಸಬರು ಬಂದರು. ಇವರ ಸರ್ಟಿಫಿಕೇಟುಗಳೆಲ್ಲ ಬಿಟ್ಟು ಬಂದ ಊರಿನಲ್ಲೇ ಉಳಿದಿದ್ದವು. ಹೋಗಿ ಎಂದು ಯಾರೂ ಹೇಳಲಿಲ್ಲ, ಇವರೇ ಬಿಟ್ಟರು. ಚನ್ನರಾಯಪಟ್ಟಣದಲ್ಲಿ ಪಾತ್ರೆ ವ್ಯಾಪಾರದ ಒಂದು ಜೈನರ ಮನೆ ಇತ್ತು. ಆ ಮನೆಯ ಇಬ್ಬರು ಹೆಣ್ಣುಮಕ್ಕಳು ಹಾಸನದಲ್ಲಿ ಇವರ ಹತ್ತಿರ ಕಲಿತವರು. ಅವರ ಅಜ್ಜಿ ತಾನೇ ಬಂದು ಇವರನ್ನು ಕರೆದುಕೊಂಡು ಹೋದರು. ಊರಾಚೆ ಅವರ ತೆಂಗಿನ ತೋಟದಲ್ಲಿ ಒಂದು ಚಿಕ್ಕ ಮನೆ ಇತ್ತು, ಬೇರೆ ಒಲೆ ಹಾಕಿಕೊಳ್ಳಲಿ ಎಂದು ಅದನ್ನೇ ಬಿಟ್ಟುಕೊಟ್ಟರು. ಯಾಕೆಂದರೆ ಬೆಳ್ಳುಳ್ಳಿ ಇಲ್ಲದ ಸಾರನ್ನು ಜವರಮ್ಮ ಎರಡು ದಿನಕ್ಕಿಂತ ಹೆಚ್ಚು ತಾಳಲಾರೆ ಎಂದಿದ್ದಳು. ಊರಿನ ಹುಡುಗಿಯರು ಮಧ್ಯಾಹ್ನ ತೋಟಕ್ಕೆ ಬಂದು ಚಿತ್ರ ಕಲಿಯುತ್ತಿದ್ದರು.

ನನ್ನನ್ನು ಆ ಹೊತ್ತಿಗೆ ಅರಕಲಗೂಡಿಗೆ ಕೊಟ್ಟು ಮದುವೆ ಮಾಡಿದ್ದರು. ಮಗು ಹುಟ್ಟಿದ ಮೇಲೆ ಒಂದು ಸಲ ಅವರು ಜವರಮ್ಮನ ಜೊತೆ ಬಸ್ಸಿನಲ್ಲಿ ಬಂದು ನಮ್ಮ ಮನೆಯಲ್ಲಿ ಒಂದು ದಿನ ಇದ್ದರು. ಮಗುವನ್ನು ತೊಡೆಯ ಮೇಲೆ ಮಲಗಿಸಿಕೊಂಡು, ಒಂದು ಕಣ್ಣು ಮುಚ್ಚಿ, ಮುಖವನ್ನು ಹತ್ತಿರದಿಂದ ನೋಡಿದರು. ನಾನು ಪೆನ್ಸಿಲು, ಕಾಗದ ತಂದು ಪಕ್ಕದಲ್ಲಿಟ್ಟೆ. ಅವರು ಮುಟ್ಟಲಿಲ್ಲ. ಹೊರಡುವಾಗ, ಫೋಟೋ ತೆಗೆಸು, ಪ್ರತಿ ವರ್ಷ ತೆಗೆಸು ಎಂದರು. ನಾನು ಇವತ್ತಿಗೂ ಹಾಗೇ ಮಾಡಿಕೊಂಡು ಬಂದಿದ್ದೇನೆ.

ಅದಾದ ಎಂಟು ತಿಂಗಳಿಗೆ ಅವರು ತೀರಿಹೋದರು. ಬೆಳಗ್ಗೆ ಹಲ್ಲುಜ್ಜಿ ಬಂದು ಕಟ್ಟೆಯ ಮೇಲೆ ಕೂತವರು ಹಾಗೇ ಒರಗಿಕೊಂಡರಂತೆ. ಸುದ್ದಿ ಹೊಳೆನರಸೀಪುರಕ್ಕೂ ಹೋಗಿ, ಅಪ್ಪ ಅರಕಲಗೂಡಿಗೆ ಬಂದು, ಇಬ್ಬರೂ ಹೊರಟೆವು. ನಾವು ತಲುಪಿದ್ದು ಮೂರನೇ ದಿನ. ಯಾವ ಸ್ಮಶಾನಕ್ಕೆ ಒಯ್ಯುವುದು ಎಂಬ ಮಾತು ಎದ್ದಿತ್ತಂತೆ. ಜೈನರ ಅಜ್ಜಿ ಹೆಚ್ಚು ಮಾತಾಡಲು ಬಿಡದೆ ತೋಟದ ಮೂಲೆಯಲ್ಲೇ ಮಣ್ಣು ಮಾಡಿಸಿದ್ದರು. ಆ ದಿನ ಜವರಮ್ಮ ತನ್ನವರ ಪದ್ಧತಿಯಂತೆ ಮಣ್ಣಿಗೆ ಹಾಲುತುಪ್ಪ ಬಿಡಲು ಅಣಿ ಮಾಡಿಕೊಂಡಿದ್ದಳು. ಇವರ ಪದ್ಧತಿ ಏನೆಂದು ಕೇಳಲು ಯಾರೂ ಇರಲಿಲ್ಲ. ಅಜ್ಜಿ, ಅವರ ಮಗ ಸೊಸೆ, ಆ ಇಬ್ಬರು ಹೆಣ್ಣುಮಕ್ಕಳು, ಚಿತ್ರ ಕಲಿಯುತ್ತಿದ್ದ ಹುಡುಗಿಯರು ಸುತ್ತ ನಿಂತಿದ್ದರು. ನಾನು ಒಳಗೆ ಹೋದೆ. ಅಪ್ಪ ಬೇಲಿಯ ಹೊರಗೇ ನಿಂತರು.

ಜವರಮ್ಮ ಮೊದಲು ಬಿಟ್ಟಳು, ಆಮೇಲೆ ನನ್ನ ಕೈಗೆ ಬಟ್ಟಲು ಕೊಟ್ಟಳು. ನಾನು ಹಾಲು ಬಿಟ್ಟೆ, ತುಪ್ಪ ಬಿಟ್ಟೆ. ಹಸಿ ಮಣ್ಣು ಬೇಗ ಹೀರಿಕೊಂಡಿತು. ಅಳು ಬರುತ್ತದೆ ಎಂದು ಕಾದೆ, ಬರಲಿಲ್ಲ. ಜವರಮ್ಮ ತಲೆಯೆತ್ತಿ ಬೇಲಿಯ ಕಡೆ ನೋಡಿ ಕರೆದಳು: "ಗುಮಾಸ್ತಪ್ಪೋರೆ, ನೀವೂ ಬನ್ನಿ."

ಅಪ್ಪ ಬಂದರು. ಚಪ್ಪಲಿ ಬಿಟ್ಟು, ಬಗ್ಗಿ, ಬಟ್ಟಲು ಬಗ್ಗಿಸಿದರು. ಎದ್ದು ಹೋಗುತ್ತಾರೆ ಎಂದುಕೊಂಡೆ. ಅವರು ಅಲ್ಲೇ ನಿಂತು, ಯಾರನ್ನೂ ನೋಡದೆ, ಕಚೇರಿಯಲ್ಲಿ ಹೇಳಿಕೆ ಕೊಡುವವರ ಹಾಗೆ ಹೇಳಿದರು:

"ಇವರ ಮೇಲೆ ಪೊಲೀಸಿಗೆ ಬರೆದುಕೊಟ್ಟೋನು ನಾನು. ಇವರ ಪುಸ್ತಕ ಹೋಗಿದ್ದು ನನ್ನಿಂದ. ಇವರು ನಮ್ಮನೇಲಿ ಉಂಡಿದ್ರು, ಆಮೇಲೆ ಬರೆದೆ."

ಹುಡುಗಿಯರಿಗೆ ಏನೂ ಅರ್ಥವಾಗದೆ ಒಬ್ಬರ ಮುಖ ಒಬ್ಬರು ನೋಡಿಕೊಂಡರು. ಜವರಮ್ಮ ಬಟ್ಟಲನ್ನು ಅಪ್ಪನ ಕೈಯಿಂದ ತೆಗೆದುಕೊಂಡು ಮಣ್ಣಿನ ಮೇಲೆ ಬೋರಲು ಹಾಕಿದಳು. ಕೊನೆಗೆ ಅಜ್ಜಿ, ಬಿಸಿಲೇರುತ್ತಿದೆ, ದೂರದಿಂದ ಬಂದಿದ್ದೀರಿ, ಊಟಕ್ಕೆ ಏಳಿ ಎಂದರು.

ತೋಟದ ಮನೆಯ ಮುಂದೆ ಎಲೆ ಹಾಕಿದ್ದರು. ಅಪ್ಪ ಕೈ ತೊಳೆದುಕೊಂಡು ಬಂದು ಕೂತರು. ಬಡಿಸಿದ್ದನ್ನೆಲ್ಲ ಉಂಡರು, ಏನನ್ನೂ ಬಿಡಲಿಲ್ಲ. ಅವರ ಪಕ್ಕದಲ್ಲಿ ಕೂತು ನಾನೂ ಉಂಡೆ.